ಮೂಕಿ ಚಿತ್ರದ ಸಂಸಾರ ಮತ್ತು ನಮ್ಮ ಮನೆಯ ಪಾಳಿ



ಪ್ರತಿ ತಿಂಗಳೂ ಈ ಪುಟದಲ್ಲಿ ಶಾಸ್ತ್ರದ ವಿಚಾರವನ್ನೋ, ಶರಣರ ಚರಿತೆಯ ಒಂದು ಪ್ರಸಂಗವನ್ನೋ ನಿವೇದಿಸುತ್ತ ಬಂದಿರುವ ನಾವು ಈ ಸಲ ಚಲನಚಿತ್ರದ ಮಾತನ್ನು ಎತ್ತಿಕೊಂಡಿರುವುದನ್ನು ಕಂಡು ತಮಗೆ ಆಶ್ಚರ್ಯವಾಗಬಹುದು. ಮಠದ ಪಾಠಶಾಲೆಯಲ್ಲಿ ಬೆಳೆದವರಿಗೂ ಸಿನಿಮಾಕ್ಕೂ ಏನು ಸಂಬಂಧವೆಂದು ಕೆಲವರು ಕೇಳಲೂಬಹುದು. ಕೊನೆಯವರೆಗೆ ಓದಿದ ಮೇಲೆ ತಾವೇ ನಿರ್ಣಯಿಸಬೇಕೆಂದು ಪ್ರಾರ್ಥಿಸುತ್ತೇವೆ. ಇದು ಸಿನಿಮಾದ ಮಾತಿನಿಂದ ಆರಂಭವಾಗಿ ಮನೆಯ ಮಾತಿನಲ್ಲಿ ಮುಗಿಯುವ ಬರೆಹ.

ಬೆಂಗಳೂರಿನಲ್ಲಿ ಓದುತ್ತಿರುವ ನಮ್ಮ ಮೊಮ್ಮಗಳು ರಜೆಗೆಂದು ಬಂದಾಗ ತನ್ನ ಗಣಕಯಂತ್ರದಲ್ಲಿ ನಮಗೊಂದು ಹಳೆಯ ಚಿತ್ರವನ್ನು ತೋರಿಸಿದಳು. ಅದು ಯುರೋಪಿನ ಹಂಗೇರಿ ದೇಶದ ಚಿತ್ರ, ೧೯೧೪ರಲ್ಲಿ ತೆಗೆದದ್ದು. ಆ ಕಾಲದ ಚಿತ್ರಗಳಿಗೆ ಮಾತು ಇರಲಿಲ್ಲ. ನಡುನಡುವೆ ಬರುವ ಬರೆಹದ ಫಲಕಗಳನ್ನು ಮೊದಮೊದಲು ಆಕೆ ಓದಿ ಅರ್ಥ ಹೇಳಿದಳು. ಕಾಲು ಗಂಟೆಯಾಗುವಷ್ಟರಲ್ಲಿ ಆಕೆಗೆ ಬೇಸರ ಬಂದು ಕೈಯ ಫೋನಿನ ಕಡೆ ಮುಖ ಮಾಡಿದಳು. ನಾವು ಮಾತ್ರ ಕೊನೆಯವರೆಗೆ ಕುಳಿತು ನೋಡಿದೆವು. ಮುಗಿದ ಮೇಲೆ ಆಕೆ, "ತಾತ, ಮಾತೇ ಇಲ್ಲದ್ದು ನಿಮಗ ಹೆಂಗ ತಿಳೀತು?" ಎಂದು ಕೇಳಿದಳು. "ನಮಗೆ ಇದನ್ನು ನೋಡುವುದನ್ನು ನಿನ್ನ ಮುತ್ತಜ್ಜಿ ಕಲಿಸಿದ್ದಳಮ್ಮಾ" ಎಂದೆವು. ಆಕೆ ನಕ್ಕಳು. ನಾವು ನಗಲಿಲ್ಲ.

ಆ ಸಂಗತಿಯನ್ನೇ ಮೊದಲು ಹೇಳುತ್ತೇವೆ.

ನಮ್ಮ ಹುಟ್ಟೂರು ಕೃಷ್ಣೆಯ ದಡದ ದೇವಸುಗೂರು. ಶ್ರೀ ಸೂಗೂರೇಶ್ವರನ ಜಾತ್ರೆಗೆ ರಾಯಚೂರು, ದೇವದುರ್ಗ, ಮಾನ್ವಿಯ ಕಡೆಯಿಂದಲೂ, ಹೊಳೆಯಾಚೆಯ ತೆಲುಗು ಸೀಮೆಯಿಂದಲೂ ಭಕ್ತರು ಬರುವುದು ತಮಗೆಲ್ಲ ತಿಳಿದದ್ದೇ. ೧೯೭೦ರ ಆಸುಪಾಸು. ನಮಗೆ ಹತ್ತು ಹನ್ನೊಂದರ ವಯಸ್ಸು. ಮಠದಿಂದ ಜಾತ್ರೆಗೆಂದು ನಾಲ್ಕು ದಿನ ಮನೆಗೆ ಬಂದಿದ್ದೆವು. ಆ ವರ್ಷ ಜಾತ್ರೆಗೆ ಸಿನಿಮಾ ಡೇರೆ ಬಂದಿತ್ತು. ಮಠದ ವಿದ್ಯಾರ್ಥಿಗಳಿಗೆ ಸಿನಿಮಾ ನಿಷಿದ್ಧ. ಆದರೆ ತಾಯಿ, "ಮಾಸ್ತರನ ಕಥೀ ಅಂತ, ಛಲೋ ಐತಂತ, ಬಾ" ಎಂದು ಕೈ ಹಿಡಿದು ಕರೆದಾಗ ಬೇಡವೆನ್ನುವ ವೈರಾಗ್ಯ ಆ ವಯಸ್ಸಿನಲ್ಲಿ ನಮಗಿರಲಿಲ್ಲ. ಚಿತ್ರ 'ಸ್ಕೂಲ್ ಮಾಸ್ಟರ್'. ಬಿ.ಆರ್. ಪಂತುಲು ಅವರು ೧೯೫೮ರಲ್ಲಿ ತೆಗೆದದ್ದು. ಪಟ್ಟಣದಲ್ಲಿ ಓಡಿ ಮುಗಿದ ಚಿತ್ರಗಳೇ ಹತ್ತು ಹನ್ನೆರಡು ವರ್ಷಗಳ ತರುವಾಯ ಹಳ್ಳಿಯ ಡೇರೆಗೆ ಬರುತ್ತಿದ್ದ ಕಾಲ ಅದು.

ಹೆಂಗಸರ ಕಡೆಯಲ್ಲಿ ನೆಲದ ಮೇಲೆ ಚಾಪೆ ಹಾಸಿಕೊಂಡು ಕುಳಿತೆವು. ನಮ್ಮೊಡನೆ ನೆರೆಮನೆಯ ಅಜ್ಜಿಯೊಬ್ಬರಿದ್ದರು. ಅವರಿಗೆ ದೃಷ್ಟಿ ಮಂದ. ತೆರೆಯ ಮೇಲಿನದು ಅವರಿಗೆ ಬರೀ ಬೆಳಕು, ನೆರಳು. ಮಾತು ಕೇಳಿಯೇ ಕಥೆಯನ್ನು ತಿಳಿದುಕೊಳ್ಳುತ್ತಿದ್ದರು. ಅರ್ಧ ಚಿತ್ರವಾಗಿರಬಹುದು, ಒಮ್ಮೆಲೇ ಧ್ವನಿ ನಿಂತುಹೋಯಿತು. ಚಿತ್ರ ಮಾತ್ರ ಓಡುತ್ತಲೇ ಇತ್ತು. ಫಿಲ್ಮಿನ ಅಂಚಿನಲ್ಲಿ ಧ್ವನಿಯ ಒಂದು ಸಣ್ಣ ಪಟ್ಟಿ ಇರುತ್ತದೆಂದೂ, ಯಂತ್ರದೊಳಗಿನ ಒಂದು ಪುಟ್ಟ ದೀಪದ ಬೆಳಕು ಅದರ ಮೂಲಕ ಹಾಯ್ದು ಶಬ್ದವಾಗುತ್ತದೆಂದೂ, ಆ ದೀಪ ಸುಟ್ಟರೆ ಚಿತ್ರ ನಡೆದರೂ ಮಾತು ನಿಲ್ಲುವುದೆಂದೂ ನಮಗೆ ಬಹಳ ವರ್ಷಗಳ ಮೇಲೆ ತಿಳಿಯಿತು. ಡೇರೆಯವರ ಬಳಿ ಬೇರೆ ದೀಪ ಇರಲಿಲ್ಲವೆಂದು ಕಾಣುತ್ತದೆ. ಗಂಡಸರು ಕೂಗಾಡಿದರು, ಸೀಟಿ ಹಾಕಿದರು. ಆಮೇಲೆ ಅವರೂ ಸುಮ್ಮನಾದರು.

ತೆರೆಯ ಮೇಲೆ ಆಗ ನಡೆಯುತ್ತಿದ್ದುದು ವೃದ್ಧ ಮಾಸ್ತರನೂ ಅವನ ಹೆಂಡತಿಯೂ ಒಬ್ಬರನ್ನೊಬ್ಬರು ಅಗಲುವ ಭಾಗ. ಇಬ್ಬರನ್ನೂ ಒಟ್ಟಿಗೆ ಇಟ್ಟುಕೊಳ್ಳಲು ಮಕ್ಕಳು ಒಪ್ಪುವುದಿಲ್ಲ. ತಂದೆ ಒಂದು ಮನೆಗೆ, ತಾಯಿ ಇನ್ನೊಂದು ಮನೆಗೆ ಎಂದಾಗುತ್ತದೆ. ಅಜ್ಜಿ, "ಏನಾತವ್ವಾ, ಯಾಕ ಸುಮ್ಮಾದ್ರು?" ಎಂದು ಗಾಬರಿಯಿಂದ ಕೇಳಿದರು. ನಮ್ಮ ತಾಯಿ ಅವರ ಕಿವಿಯ ಬಳಿ ಬಾಗಿ ಹೇಳತೊಡಗಿದಳು: "ಇಬ್ಬರನ್ನೂ ಹಂಚಿಕೊಂಡಾರಮ್ಮಾ ಮಕ್ಕಳು... ಆಕಿ ಅಳವಲ್ಲಳು, ತಡಕೊಂಡಾಳ... ಅವ ಆಕಿ ಮಾರಿ ನೋಡವಲ್ಲ." ತೆರೆಯಲ್ಲಿ ತುಟಿಗಳು ಅಲುಗುತ್ತಿದ್ದವು. ಆ ಮಾತುಗಳನ್ನು ನಮ್ಮ ತಾಯಿ ತನ್ನವೇ ಎಂಬಂತೆ ಆಡುತ್ತಿದ್ದಳು. ಸುತ್ತಲಿನ ಹೆಂಗಸರು ಒಬ್ಬೊಬ್ಬರಾಗಿ ಹತ್ತಿರಕ್ಕೆ ಸರಿದು ಆಕೆಯ ಮಾತನ್ನು ಕೇಳುತ್ತ ಚಿತ್ರ ನೋಡಿದರು. ಓದು ಬರೆಹ ಕಲಿಯದ ಆ ತಾಯಿಗೆ ಕಥೆಯ ಒಂದು ಎಳೆಯೂ ತಪ್ಪಲಿಲ್ಲ.

ಮರಳಿ ಮಠಕ್ಕೆ ಹೋದಾಗ ಈ ಅಪರಾಧವನ್ನು ಮುಚ್ಚಿಡಲಾರದೆ ಹಿರಿಯ ಶ್ರೀಗಳ ಮುಂದೆ ಒಪ್ಪಿಕೊಂಡೆವು. ಬೆತ್ತದ ನಿರೀಕ್ಷೆಯಲ್ಲಿದ್ದ ನಮ್ಮನ್ನು ಕುಳ್ಳಿರಿಸಿಕೊಂಡು ಅವರು ಇಡೀ ಕಥೆಯನ್ನು ಹೇಳಿಸಿದರು. ಕೇಳಿ, "ಕಡೀಗೆ ಆ ಮುದುಕರಿಗೆ ಆಸರಾದವರು ಯಾರು?" ಎಂದರು. "ಮಾಸ್ತರ ಕಲಿಸಿದ ಶಿಷ್ಯ ಬಂದು ಕಾಪಾಡಿದ ಬುದ್ಧಿ" ಎಂದೆವು. "ಮಕ್ಕಳು?" ಎಂದರು. ನಾವು ಸುಮ್ಮನಾದೆವು. ಶ್ರೀಗಳು ಮತ್ತೇನೂ ಹೇಳದೆ ಅಂದಿನ ವ್ಯಾಕರಣದ ಪಾಠಕ್ಕೆ ಕೈ ಹಾಕಿದರು. ಆ ಪ್ರಶ್ನೆ ನಮಗಾಗಿಯೇ ಕೇಳಿದ್ದೆಂದು ತಿಳಿಯಲು ನಮಗೆ ಮೂವತ್ತೈದು ವರ್ಷಗಳು ಬೇಕಾದವು.

ಇನ್ನು ಮೂಕಿ ಚಿತ್ರಗಳ ವಿಚಾರಕ್ಕೆ ಬರೋಣ. ನಮ್ಮ ದೇಶದಲ್ಲಿ ದಾದಾಸಾಹೇಬ ಫಾಲ್ಕೆಯವರು ೧೯೧೩ರಲ್ಲಿ 'ರಾಜಾ ಹರಿಶ್ಚಂದ್ರ'ವನ್ನು ತೆರೆಗೆ ತಂದರು. ಆ ಚಿತ್ರ ಸಿದ್ಧವಾದದ್ದು ಒಂದು ಸಂಸಾರದ ಒಳಗೇ ಎಂಬುದು ಅನೇಕರಿಗೆ ತಿಳಿಯದು. ಫಾಲ್ಕೆಯವರ ಪತ್ನಿ ಸರಸ್ವತೀಬಾಯಿಯವರು ಇಡೀ ತಂಡಕ್ಕೆ ಅಡುಗೆ ಮಾಡಿ ಬಡಿಸುತ್ತಿದ್ದರು. ರಾತ್ರಿಯ ಹೊತ್ತು ಫಿಲ್ಮಿನ ಅಂಚಿಗೆ ರಂಧ್ರ ಕೊರೆಯುವ ಕೆಲಸದಲ್ಲೂ, ಅದನ್ನು ತೊಳೆದು ಸಂಸ್ಕರಿಸುವ ಕೆಲಸದಲ್ಲೂ ಕೈಗೂಡಿಸುತ್ತಿದ್ದರು. ಹೆಣ್ಣುಮಕ್ಕಳು ತೆರೆಗೆ ಬರಲು ಹಿಂಜರಿಯುತ್ತಿದ್ದ ಆ ದಿನಗಳಲ್ಲಿ ತಾರಾಮತಿಯ ಪಾತ್ರವನ್ನು ವಹಿಸಿದವರು ಸಾಳುಂಕೆ ಎಂಬ ಪುರುಷರು. ಅವರು ಅದಕ್ಕೆ ಮುಂಚೆ ಉಪಾಹಾರಗೃಹವೊಂದರಲ್ಲಿ ಅಡುಗೆಯವರಾಗಿದ್ದರು. ಹೀಗೆ ಮನೆಯೊಳಗೆ ಹುಟ್ಟಿದ ಕಲೆ ಮೊದಲು ಹೇಳಿದ್ದು ಪುರಾಣವನ್ನು. ಆದರೆ ಹೇಳಿದ ಪುರಾಣವೂ ಗಂಡ, ಹೆಂಡತಿ, ಮಗು ದಿಕ್ಕಾಪಾಲಾದ ಸಂಸಾರದ ಕಥೆಯೇ.

ಮೂಕಿ ಚಿತ್ರದಲ್ಲಿ ಪಾತ್ರಗಳ ಮಾತನ್ನು ಫಲಕದ ಮೇಲೆ ಬರೆದು ತೋರಿಸುತ್ತಿದ್ದರು. ಒಂದೇ ಫಲಕದಲ್ಲಿ ಎರಡು ಮೂರು ಭಾಷೆಗಳು ಇರುತ್ತಿದ್ದುದೂ ಉಂಟು. ಓದಲು ಬಾರದವರೇ ಹೆಚ್ಚಿದ್ದುದರಿಂದ ಎಷ್ಟೋ ಕಡೆ ಒಬ್ಬನು ತೆರೆಯ ಪಕ್ಕದಲ್ಲಿ ನಿಂತು ಗಟ್ಟಿಯಾಗಿ ಓದಿ ಹೇಳುತ್ತಿದ್ದ. ಕೆಳಗೆ ತಬಲಾ, ಹಾರ್ಮೋನಿಯಂ ನುಡಿಯುತ್ತಿದ್ದವು. ಅಂದು ಡೇರೆಯಲ್ಲಿ ನಮ್ಮ ತಾಯಿ ಮಾಡಿದ್ದು, ತನಗೇ ಅರಿವಿಲ್ಲದೆ, ಆ ಹಳೆಯ ಕೆಲಸವನ್ನೇ.

ಮೊಮ್ಮಗಳು ತೋರಿಸಿದ ಹಂಗೇರಿಯ ಚಿತ್ರದ ಹೆಸರು 'ಅ ತೊಲೊಂಟ್ಸ್'. ಊರಿನಿಂದ ಹೊರದಬ್ಬಿಸಿಕೊಂಡವಳು ಎಂಬುದು ಅದರ ಭಾವ. ಎಡೆ ತೋತ್ ಎಂಬ ನಾಟಕಕಾರರ ಜಾನಪದ ನಾಟಕವೊಂದು ಅದಕ್ಕೆ ಆಧಾರ. ಅದನ್ನು ತೆಗೆಸಿದವರು ಕೊಲೊಜ್ವಾರ್ ಪಟ್ಟಣದ ರಂಗಮಂದಿರದ ನಿರ್ದೇಶಕರಾಗಿದ್ದ ಯೆನೋ ಯಾನೊವಿಚ್. ನಿರ್ದೇಶಿಸಿದವರು ಮಿಹಾಯ್ ಕೆರ್ತೇಸ್. ಈ ಕೆರ್ತೇಸರೇ ಮುಂದೆ ಅಮೆರಿಕೆಗೆ ಹೋಗಿ ಮೈಕೆಲ್ ಕರ್ಟಿಜ್ ಎಂಬ ಹೆಸರಿನಿಂದ ೧೯೪೨ರಲ್ಲಿ 'ಕಾಸಾಬ್ಲಾಂಕಾ' ಎಂಬ ಜಗತ್ಪ್ರಸಿದ್ಧ ಚಿತ್ರವನ್ನು ನಿರ್ದೇಶಿಸಿದರು. ಮೊದಲನೆಯ ಮಹಾಯುದ್ಧದ ತರುವಾಯ ಕೊಲೊಜ್ವಾರ್ ರುಮೇನಿಯ ದೇಶಕ್ಕೆ ಸೇರಿ ಕ್ಲುಜ್ ಎನಿಸಿಕೊಂಡಿತು.

ಕಥೆ ಹೀಗಿದೆ. ಬೆತ್ತಿ ಎಂಬ ಹಳ್ಳಿಯ ಹುಡುಗಿ. ಅವಳನ್ನು ಸಾಕಿದಾತನು ಮರಣಶಯ್ಯೆಯಲ್ಲಿ, ತಾನು ಅವಳ ತಂದೆಯಲ್ಲವೆಂದೂ, ಹೆತ್ತ ತಾಯಿ ಗಂಡನ ಕ್ರೌರ್ಯವನ್ನು ತಾಳಲಾರದೆ ಅವನನ್ನು ಕೊಂದು ಸೆರೆಮನೆಯಲ್ಲಿದ್ದಾಳೆಂದೂ ತಿಳಿಸಿ ಕಣ್ಣು ಮುಚ್ಚುತ್ತಾನೆ. ಅನಾಥೆಯಾದ ಬೆತ್ತಿ ಪಟ್ಟಣಕ್ಕೆ ಹೋಗಿ ಸಿರಿವಂತರ ಮನೆಯೊಂದರಲ್ಲಿ ಕೆಲಸಕ್ಕೆ ನಿಲ್ಲುತ್ತಾಳೆ. ಆ ಮನೆಯ ಮಗನಿಗೆ ಅವಳ ಮೇಲೆ ಮನಸ್ಸಾಗುತ್ತದೆ. ಅಷ್ಟರಲ್ಲಿ ಮಾಡದ ಕಳ್ಳತನದ ಆರೋಪ ಹೊತ್ತು, ಮನೆಯಿಂದಲೂ ಪಟ್ಟಣದಿಂದಲೂ ಹೊರದೂಡಲ್ಪಟ್ಟು ಹಳ್ಳಿಗೆ ಮರಳುತ್ತಾಳೆ. ಇತ್ತ ಶಿಕ್ಷೆ ಮುಗಿದ ತಾಯಿ ಮಗಳನ್ನು ಹುಡುಕುತ್ತ ಹೊರಡುತ್ತಾಳೆ. ಆ ತಾಯಿಯ ಪಾತ್ರವನ್ನು ವಹಿಸಿದವರು ಹಂಗೇರಿಯ ರಂಗಭೂಮಿಯ ಹಿರಿಯ ನಟಿ ಮಾರಿ ಯಾಸಾಯ್. ಆಕೆಯ ನಟನೆಯಲ್ಲಿ ಕೂಗಿಲ್ಲ, ಎದೆ ಬಡಿದುಕೊಳ್ಳುವುದಿಲ್ಲ. ಬಹುಕಾಲ ಬಿಸಿಲನ್ನೇ ಕಾಣದವಳು ಬಯಲಿಗೆ ಬಂದು ನಿಂತರೆ ಹೇಗಿರಬೇಕೋ ಹಾಗಿದ್ದಾಳೆ.

ಈ ಚಿತ್ರ ಹಲವು ದಶಕಗಳ ಕಾಲ ಕಳೆದುಹೋಗಿತ್ತು. ಕಡಲಾಚೆ ನ್ಯೂಯಾರ್ಕ್ ನಗರದಲ್ಲಿ ಹಂಗೇರಿಯನ್ನರು ಸೇರುವ ಭವನವೊಂದರ ನೆಲಮಾಳಿಗೆಯಲ್ಲಿ ಅದರ ಪ್ರತಿ ಸಿಕ್ಕಿತು. ಅಲ್ಲಿಂದ ತಂದು, ಜೀರ್ಣೋದ್ಧಾರ ಮಾಡಿ, ಮತ್ತೆ ಜನರಿಗೆ ತೋರಿಸಿದರು. ಯಾನೊವಿಚರು ತೆಗೆಸಿದ ಚಿತ್ರಗಳಲ್ಲಿ ಹೆಚ್ಚಿನವು ಇಂದು ಇಲ್ಲ.

ಇದನ್ನು ನೋಡುತ್ತ ನಮಗೆ ನೆನಪಾದವರು ನಮ್ಮವರೇ ಆದ ಗುಬ್ಬಿ ವೀರಣ್ಣನವರು. ಅವರೂ ರಂಗಭೂಮಿಯವರೇ. ಅವರಿಗೂ ಅದೇ ಹಂಬಲ. ೧೮೮೪ರಲ್ಲಿ ಆರಂಭವಾದ ಗುಬ್ಬಿ ಶ್ರೀ ಚನ್ನಬಸವೇಶ್ವರ ನಾಟಕ ಸಂಘವನ್ನು ನಾಡಿನ ಹೆಮ್ಮೆಯಾಗಿ ಬೆಳೆಸಿದ ವೀರಣ್ಣನವರು ೧೯೩೦ರ ಆಸುಪಾಸಿನಲ್ಲಿ ಬೆಂಗಳೂರಿನಲ್ಲಿ ಚಿತ್ರಸಂಸ್ಥೆಯನ್ನು ಕಟ್ಟಿ ಮೂಕಿ ಚಿತ್ರಗಳನ್ನು ತೆಗೆಸಿದರು. 'ಹಿಸ್ ಲವ್ ಅಫೇರ್', 'ಸಾಂಗ್ ಆಫ್ ಲೈಫ್', 'ಹರಿಮಾಯೆ' ಎಂಬುವು ಅವುಗಳ ಹೆಸರುಗಳು. ಮಾತಿನ ಚಮತ್ಕಾರದಿಂದಲೇ ಸಾವಿರಾರು ಜನರನ್ನು ನಗಿಸುತ್ತಿದ್ದ ಆ ಹಾಸ್ಯಚಕ್ರವರ್ತಿ ಮಾತಿಲ್ಲದ ಚಿತ್ರಕ್ಕೆ ಹಣ ಹೂಡಿದರೆಂಬುದನ್ನು ನೆನೆದರೆ ಅವರ ಧೈರ್ಯಕ್ಕೆ ತಲೆದೂಗಬೇಕು. ಆದರೆ ಕಾಲ ಬದಲಾಗಿತ್ತು. ೧೯೩೧ರಲ್ಲಿ 'ಆಲಂ ಆರಾ' ಬಂದು ಭಾರತದ ಚಿತ್ರಗಳು ಮಾತಾಡತೊಡಗಿದವು. ೧೯೩೪ರಲ್ಲಿ 'ಸತಿ ಸುಲೋಚನ'ದಿಂದ ಕನ್ನಡವೂ ತೆರೆಯ ಮೇಲೆ ನುಡಿಯಿತು.

ನಮ್ಮ ಜಿಲ್ಲೆ ಆಗ ನಿಜಾಮರ ಹೈದರಾಬಾದ್ ಸಂಸ್ಥಾನಕ್ಕೆ ಸೇರಿತ್ತು. ಆ ರಾಜಧಾನಿಯಲ್ಲಿ ೧೯೨೨ರಲ್ಲಿಯೇ ಬಂಗಾಲದ ಧೀರೇಂದ್ರನಾಥ ಗಂಗೂಲಿಯವರು ಲೋಟಸ್ ಎಂಬ ಚಿತ್ರಸಂಸ್ಥೆಯನ್ನು ಸ್ಥಾಪಿಸಿ ಮೂಕಿ ಚಿತ್ರಗಳನ್ನು ತೆಗೆದರು. 'ರಜಿಯಾ ಬೇಗಂ' ಎಂಬ ಚಿತ್ರದ ಪ್ರದರ್ಶನದಿಂದ ದೊರೆಯ ಅವಕೃಪೆಗೆ ಪಾತ್ರರಾಗಿ ೧೯೨೪ರಲ್ಲಿ ಸಂಸ್ಥಾನವನ್ನೇ ತೊರೆಯಬೇಕಾಯಿತು. ಕೊಲ್ಹಾಪುರದ ಬಾಬುರಾವ್ ಪೇಂಟರ್ ಅವರು ೧೯೨೫ರಲ್ಲಿ 'ಸಾವಕಾರಿ ಪಾಶ' ಎಂಬ ಚಿತ್ರದಲ್ಲಿ ಸಾಹುಕಾರನ ಸಾಲಕ್ಕೆ ಹೊಲ ಕಳೆದುಕೊಂಡು ಪಟ್ಟಣದ ಗಿರಣಿ ಸೇರುವ ರೈತನ ಸಂಸಾರವನ್ನು ತೋರಿಸಿದರು. ಚಂದೂಲಾಲ ಶಹಾ ಅವರ ೧೯೨೭ರ 'ಗುಣಸುಂದರಿ' ಗಂಡನು ಮನೆಯನ್ನು ಮರೆತಾಗ ಹೆಂಡತಿ ಏನು ಮಾಡಬೇಕೆಂಬ ಪ್ರಶ್ನೆಯನ್ನು ಎತ್ತಿಕೊಂಡಿತು. ದೇವತೆಗಳ ಕಥೆಯನ್ನು ನೋಡಿ ಕೈಮುಗಿಯುತ್ತಿದ್ದ ಜನ ತಮ್ಮ ಒಲೆ, ತಮ್ಮ ಹೊಸ್ತಿಲು, ತಮ್ಮ ಸಾಲವನ್ನು ತೆರೆಯ ಮೇಲೆ ಕಂಡದ್ದು ಹೀಗೆ.

ನಮ್ಮ ದೇಶದಲ್ಲಿ ತಯಾರಾದ ಮೂಕಿ ಚಿತ್ರಗಳು ಸಾವಿರಕ್ಕೂ ಮಿಕ್ಕಿದ್ದವು. ಉಳಿದಿರುವವು ಬೆರಳೆಣಿಕೆಯಷ್ಟು. ಅವುಗಳನ್ನು ಕಾಪಾಡಲು ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾದದ್ದು ೧೯೬೪ರಲ್ಲಿ. ಅಷ್ಟರಲ್ಲಿ ಬಹುಪಾಲು ನಾಶವಾಗಿ ಹೋಗಿತ್ತು. ಆ ಕಾಲದ ಫಿಲ್ಮು ನೈಟ್ರೇಟಿನದು. ಕಿಡಿ ತಾಗಿದರೆ ಧಗ್ಗನೆ ಉರಿಯುವಂಥದು. ಸುಮ್ಮನೆ ಇಟ್ಟರೂ ಬಿಸಿಲಿಗೆ, ತೇವಕ್ಕೆ ಅಂಟಂಟಾಗಿ ಕೊನೆಗೆ ಪುಡಿಯಾಗುವಂಥದು. ಇದಲ್ಲದೆ ಅದರಲ್ಲಿ ಒಂದಿಷ್ಟು ಬೆಳ್ಳಿಯ ಅಂಶವಿರುತ್ತಿತ್ತು. ಓಡಿ ಮುಗಿದ ಚಿತ್ರವನ್ನು ಕರಗಿಸಿ ಆ ಬೆಳ್ಳಿಯನ್ನು ತೆಗೆದುಕೊಂಡವರೂ ಇದ್ದರು. ನಮ್ಮ ಮನೆಗಳಲ್ಲಿ ತಾಯಂದಿರ ಮದುವೆಯ ಜರಿಸೀರೆಯನ್ನು ಬಾಗಿಲಿಗೆ ಬಂದವನಿಗೆ ಕೊಟ್ಟು ಪಾತ್ರೆ ಕೊಂಡುಕೊಳ್ಳುವುದಿಲ್ಲವೇ? ಅವನು ಅದನ್ನು ಸುಟ್ಟು ಜರಿಯ ಬೆಳ್ಳಿಯನ್ನು ತೆಗೆಯುತ್ತಾನೆ. ಇದೂ ಅಂಥದೇ. ಉಪಯೋಗ ಮುಗಿಯಿತೆಂದು ತೋರಿದ ವಸ್ತುವಿನಲ್ಲಿ ನಮ್ಮ ಕಣ್ಣಿಗೆ ಕಾಣುವುದು ಬೆಳ್ಳಿ ಮಾತ್ರ.

ಕನ್ನಡದಲ್ಲಿ ಸಂಸಾರದ ಕಥೆ ತೆರೆಗೆ ಬಂದದ್ದನ್ನು ಹೇಳುವಾಗ ೧೯೩೬ರ 'ಸಂಸಾರ ನೌಕೆ'ಯನ್ನು ಮರೆಯಲಾಗದು. ಪುರಾಣದ ಕಥೆಗಳ ನಡುವೆ ನಮ್ಮ ಭಾಷೆಯಲ್ಲಿ ಬಂದ ಮೊದಲ ಸಾಮಾಜಿಕ ಚಿತ್ರವೆಂದು ಅದನ್ನು ಬಲ್ಲವರು ಗುರುತಿಸುತ್ತಾರೆ. ಮಹಮದ್ ಪೀರರ ನಾಟಕ ಮಂಡಳಿಯಲ್ಲಿ ಹೆಸರಾಗಿದ್ದ ತಮ್ಮ ನಾಟಕವನ್ನೇ ಎಚ್.ಎಲ್.ಎನ್. ಸಿಂಹ ಅವರು ಚಿತ್ರವಾಗಿ ನಿರ್ದೇಶಿಸಿದರು. ಹಿರಿಯರ ಇಚ್ಛೆಗೆ ವಿರುದ್ಧವಾಗಿ ಮದುವೆಯಾದ ತರುಣನು ಮನೆಯಿಂದ ಹೊರಹಾಕಲ್ಪಟ್ಟು ಹೆಂಡತಿಯೊಡನೆ ಕಷ್ಟಕ್ಕೆ ಬೀಳುವ ಕಥೆ ಅದು. ಆ ದಂಪತಿಗಳ ಪಾತ್ರವನ್ನು ವಹಿಸಿದವರು ಬಿ.ಆರ್. ಪಂತುಲು ಮತ್ತು ಎಂ.ವಿ. ರಾಜಮ್ಮ. ಇದೇ ಸಿಂಹ ಅವರು ೧೯೫೪ರಲ್ಲಿ ವೀರಣ್ಣನವರ ಸಂಸ್ಥೆಗಾಗಿ 'ಬೇಡರ ಕಣ್ಣಪ್ಪ'ನನ್ನು ನಿರ್ದೇಶಿಸಿ ರಾಜಕುಮಾರರನ್ನು ನಾಡಿಗೆ ಕೊಟ್ಟರು.

ಒಂದು ಸಂಗತಿಯನ್ನು ತಾವು ಗಮನಿಸಬೇಕು. ೧೯೩೬ರಲ್ಲಿ ಹಿರಿಯರಿಂದ ಹೊರದೂಡಲ್ಪಟ್ಟ ತರುಣ ದಂಪತಿಗಳಾಗಿ ನಟಿಸಿದ ಅದೇ ಪಂತುಲು, ಅದೇ ರಾಜಮ್ಮನವರೇ ೧೯೫೮ರ 'ಸ್ಕೂಲ್ ಮಾಸ್ಟರ್'ನಲ್ಲಿ ಮಕ್ಕಳಿಂದ ಬೇರೆ ಬೇರೆಯಾದ ವೃದ್ಧ ದಂಪತಿಗಳಾಗಿ ನಟಿಸಿದರು. ನಡುವೆ ಇಪ್ಪತ್ತೆರಡು ವರ್ಷ. ಮೊದಲ ಕಥೆಯಲ್ಲಿ ಮನೆಯ ಬಾಗಿಲು ಮುಚ್ಚಿದವರು ಹಿರಿಯರು, ಎರಡನೆಯದರಲ್ಲಿ ಕಿರಿಯರು. ಯಾರ ಕೈಯಲ್ಲಿ ಬೀಗದ ಕೈ ಇರುವುದೋ ಅವರಿಗೆ ತಮ್ಮ ನ್ಯಾಯವೇ ನ್ಯಾಯವೆಂದು ತೋರುತ್ತದೆ. ಹೊರಗೆ ನಿಂತವರ ಮಾತು ಒಳಗಿನವರಿಗೆ ಕೇಳಿಸುವುದಿಲ್ಲ. ಹಂಗೇರಿಯ ಆ ಬೆತ್ತಿಯನ್ನೂ ಒಂದು ಮಾತು ಕೇಳಿದವರಿಲ್ಲ. ಕೇಳದೆಯೇ ಕಳ್ಳಿಯೆಂದು ನಿಶ್ಚಯಿಸಿದರು.

ನಮ್ಮ ಜಿಲ್ಲೆಯ ಲಿಂಗಸುಗೂರು ಸೀಮೆಯ ಅಮರೇಶ್ವರದವರೆಂದು ಪ್ರತೀತಿಯಿರುವ ಆಯ್ದಕ್ಕಿ ಮಾರಯ್ಯ ಲಕ್ಕಮ್ಮ ದಂಪತಿಗಳ ಕಥೆಯನ್ನು ತಾವೆಲ್ಲ ಬಲ್ಲಿರಿ. ದಿನದ ಅಗತ್ಯಕ್ಕಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದ ಗಂಡನಿಗೆ, ಹೆಚ್ಚಿನದು ನಮ್ಮದಲ್ಲ, ಇದ್ದಲ್ಲಿಯೇ ಸುರಿದು ಬನ್ನಿರೆಂದು ಆ ಮಹಾತಾಯಿ ಹೇಳಿದಳು. ಈ ಪ್ರಸಂಗವನ್ನು ವಿವರಿಸುವಾಗ ನಾವು ಯಾವಾಗಲೂ ಲಕ್ಕಮ್ಮನ ದಿಟ್ಟತನವನ್ನೇ ಕೊಂಡಾಡುತ್ತೇವೆ. ಮಾರಯ್ಯನು ಕೇಳಿದನಲ್ಲ, ಕೇಳಿ ಹೊರಳಿ ಹೋದನಲ್ಲ, ಅದನ್ನು ಯಾರೂ ಎತ್ತಿ ಹೇಳುವುದಿಲ್ಲ. ಮನೆಯೊಳಗಿನ ಮಾತನ್ನು ಕೇಳಿಸಿಕೊಳ್ಳುವುದೂ ಒಂದು ಸಾಧನೆ.

ನಮಗೆ ಆ ಸಾಧನೆ ಸಿದ್ಧಿಸಿರಲಿಲ್ಲ. ಅದನ್ನೇ ಇಲ್ಲಿ ಒಪ್ಪಿಕೊಳ್ಳಬೇಕಾಗಿದೆ.

ಸುಮಾರು ಇಪ್ಪತ್ತು ವರ್ಷಗಳ ಹಿಂದೆ ನಮ್ಮ ತಂದೆಯವರು ಲಿಂಗೈಕ್ಯರಾದರು. ನಾವು ರಾಯಚೂರಿನಲ್ಲಿ ನೆಲೆಸಿದ್ದೆವು, ತಮ್ಮ ಮಾನ್ವಿಯಲ್ಲಿ. ಕ್ರಿಯೆಗಳೆಲ್ಲ ಮುಗಿದ ಮೇಲೆ ಅಣ್ಣತಮ್ಮಂದಿರಿಬ್ಬರೂ ಕುಳಿತು ಹೊಲದ ವಿಚಾರ ಮುಗಿಸಿದೆವು. ಆಮೇಲೆ ತಾಯಿಯ ವಿಚಾರ. ಆರು ತಿಂಗಳು ನಮ್ಮಲ್ಲಿ, ಆರು ತಿಂಗಳು ತಮ್ಮನಲ್ಲಿ ಎಂದು ನಿಶ್ಚಯವಾಯಿತು. ಒಬ್ಬರ ಮೇಲೆಯೇ ಭಾರ ಬೀಳಬಾರದೆಂಬ ನ್ಯಾಯ ನಮ್ಮದು. ದೇವಸುಗೂರಿನ ಮನೆಗೆ ಬೀಗ ಹಾಕಿದೆವು. ತಾಯಿ ಅಲ್ಲಿಯೇ ಕಂಬಕ್ಕೆ ಒರಗಿ ಕುಳಿತಿದ್ದಳು. ಆಕೆಯನ್ನು ಏನನ್ನೂ ಕೇಳಲಿಲ್ಲ. ಆಕೆಯೂ ಏನನ್ನೂ ಹೇಳಲಿಲ್ಲ. ಒಪ್ಪಿದಳೆಂದು ತಿಳಿದೆವು.

ಮೂರು ವರ್ಷ ಹಾಗೆಯೇ ನಡೆಯಿತು. ನಮ್ಮ ಮನೆಯಲ್ಲಿ ಆಕೆಗೆ ಊಟಕ್ಕೆ, ಬಟ್ಟೆಗೆ, ಔಷಧಿಗೆ ಕೊರತೆ ಇರಲಿಲ್ಲ. ತಮ್ಮನೂ ಕಡಿಮೆ ಮಾಡಲಿಲ್ಲ. ಆದರೆ ಆಕೆ ಎರಡೂ ಮನೆಗಳಲ್ಲಿ ತನ್ನ ಗಂಟನ್ನು ಪೂರ್ತಿ ಬಿಚ್ಚಲೇ ಇಲ್ಲ. ಎರಡು ಸೀರೆ, ಒಂದು ಕೌದಿ, ವಿಭೂತಿಯ ಗಟ್ಟಿ, ತಂದೆಯವರ ಕನ್ನಡಕ. ಅಷ್ಟೂ ಅದೇ ಗಂಟಿನಲ್ಲಿ, ಕೋಣೆಯ ಮೂಲೆಯಲ್ಲಿ ಇರುತ್ತಿತ್ತು. ನಾವು ದಿನವೂ ಅದನ್ನು ನೋಡುತ್ತಿದ್ದೆವು. ಊರೂರಿಗೆ ಹೋಗಿ ಪ್ರವಚನದಲ್ಲಿ ಸಂಸಾರಧರ್ಮವನ್ನು ವಿವರಿಸುತ್ತಿದ್ದ ನಮಗೆ, ನಮ್ಮ ಮನೆಯ ಮೂಲೆಯಲ್ಲಿದ್ದ ಆ ಗಂಟಿನ ಅರ್ಥ ಹೊಳೆಯಲಿಲ್ಲ.

ಒಂದು ಸಲ ಪಾಳಿ ಮುಗಿದು ಆಕೆಯನ್ನು ಮಾನ್ವಿಯ ಬಸ್ಸಿಗೆ ಹತ್ತಿಸಲು ನಿಲ್ದಾಣಕ್ಕೆ ಕರೆತಂದೆವು. ಬಸ್ಸು ಬರಲು ತಡವಿತ್ತು. ಕಲ್ಲಿನ ಕಟ್ಟೆಯ ಮೇಲೆ ಗಂಟನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತವಳು ನಮ್ಮ ಕಡೆ ನೋಡದೆಯೇ, "ಯಪ್ಪಾ, ಜಾತ್ರ್ಯಾಗ ಡೇರೇದಾಗ ನೋಡಿದ್ವಲ್ಲ, ಆ ಮಾಸ್ತರನ ಸಿನಿಮಾ, ನೆನಪೈತೇನು?" ಎಂದಳು. "ಐತವ್ವಾ" ಎಂದೆವು. ಆಕೆ ಮುಂದೆ ಏನೂ ಹೇಳಲಿಲ್ಲ. ಬಸ್ಸು ಬಂತು. ನಾವು ಆಕೆಯ ಕೈ ಹಿಡಿದು ಹತ್ತಿಸಿ, ಚೀಟಿ ತೆಗೆಸಿ, ಕಂಡಕ್ಟರರಿಗೆ ಹೇಳಿ ಇಳಿದೆವು. ಹೌದು, ಆ ಸಲವೂ ಹತ್ತಿಸಿಯೇ ಕಳಿಸಿದೆವು. ಅಲ್ಲಿಯೇ ಕರೆದುಕೊಂಡು ಮನೆಗೆ ಮರಳಿದೆವೆಂದು ಬರೆದರೆ ಓದಲು ಚೆನ್ನಾಗಿರುತ್ತದೆ, ಸತ್ಯವಾಗುವುದಿಲ್ಲ.

ಅಂದು ರಾತ್ರಿ ಹಿರಿಯ ಶ್ರೀಗಳ ಪ್ರಶ್ನೆ ನೆನಪಾಯಿತು. "ಮಕ್ಕಳು?" ಎಂದಿದ್ದರು. ಚಿತ್ರದಲ್ಲಿ ವೃದ್ಧ ದಂಪತಿಗಳನ್ನು ಅಗಲಿಸಿದರು. ನಮ್ಮ ತಾಯಿಯನ್ನು ಅಗಲಿಸಲು ತಂದೆ ಉಳಿದಿರಲಿಲ್ಲ. ಆದುದರಿಂದ ಆಕೆಯನ್ನು ಆಕೆಯ ಮನೆಯಿಂದ, ನೆರೆಯವರಿಂದ, ಹೊಳೆಯಿಂದ, ಸೂಗೂರೇಶ್ವರನ ಗುಡಿಯಿಂದ ಅಗಲಿಸಿದ್ದೆವು. ಆಕೆ ಮಾತಾಡಲಿಲ್ಲ ನಿಜ. ಆದರೆ ಮಾತು ನಿಂತ ಚಿತ್ರವನ್ನು ನೋಡುವುದು ಹೇಗೆಂದು ನಮಗೆ ಕಲಿಸಿದವಳೇ ಆಕೆ. ತುಟಿ ಅಲುಗದಿದ್ದರೂ ಗಂಟು ಹೇಳುತ್ತಿತ್ತು. ನಾವು ನೋಡಿಯೂ ಓದಲಿಲ್ಲ.

ಎರಡು ವಾರಗಳ ತರುವಾಯ ಮಾನ್ವಿಗೆ ಹೋಗಿ, ತಮ್ಮನ ಎದುರಿನಲ್ಲಿಯೇ ಕೇಳಿದೆವು: "ಅವ್ವಾ, ನಿನಗ ಎಲ್ಲಿ ಇರಬೇಕು ಅನಸ್ತೈತಿ?" ಆಕೆ ಬಹಳ ಹೊತ್ತು ಸುಮ್ಮನಿದ್ದು, "ನನ್ನ ಮನ್ಯಾಗ" ಎಂದಳು. ಒಬ್ಬಳೇ ಹೇಗಿರುತ್ತಿ ಎಂದು ತಮ್ಮ ಕೇಳಿದ. "ಪಾಳಿ ಹಚ್ಚೀರಲ್ಲ, ನೀವ ಬರ್ರಿ" ಎಂದಳು. ಆ ಮಾತಿಗೆ ನಮ್ಮಿಬ್ಬರಲ್ಲಿ ಯಾರ ಬಳಿಯೂ ಉತ್ತರವಿರಲಿಲ್ಲ.

ದೇವಸುಗೂರಿನ ಮನೆಯ ಬೀಗ ತೆಗೆಸಿ, ಸುಣ್ಣ ಹಚ್ಚಿಸಿದೆವು. ನೆರೆಯ ಹೆಣ್ಣುಮಗಳೊಬ್ಬಳು ರಾತ್ರಿ ಜೊತೆಗೆ ಮಲಗಲು ಒಪ್ಪಿದಳು. ಒಂದು ವಾರ ನಾವು, ಒಂದು ವಾರ ತಮ್ಮ, ರಜೆಯಲ್ಲಿ ಮೊಮ್ಮಕ್ಕಳು. ಪಾಳಿ ಮುಂದುವರಿಯಿತು, ಆದರೆ ಗಂಟು ಕಟ್ಟುವವರು ನಾವಾದೆವು. ವಾರಕ್ಕೊಮ್ಮೆ ಚೀಲ ಹಿಡಿದು ಬಸ್ಸು ಹತ್ತುವುದು ಎಷ್ಟು ಕಷ್ಟವೆಂದು ಐವತ್ತರ ಸಮೀಪದ ನಮಗೆ ಎರಡೇ ತಿಂಗಳಲ್ಲಿ ತಿಳಿಯಿತು. ಎಪ್ಪತ್ತು ದಾಟಿದ ಆಕೆ ಮೂರು ವರ್ಷ ಅದನ್ನು ಮಾಡಿದ್ದಳು. ತಾಯಿ ಆ ಮನೆಯಲ್ಲಿಯೇ ಐದು ವರ್ಷ ಬಾಳಿ ಲಿಂಗೈಕ್ಯಳಾದಳು. ತಂದೆಯವರ ಕನ್ನಡಕ ಗೋಡೆಯ ಗೂಡಿನಲ್ಲಿ ಅವರು ಇಡುತ್ತಿದ್ದ ಜಾಗದಲ್ಲಿತ್ತು.

ಬಂಧುಗಳೇ, ೧೯೮೫ರಲ್ಲಿ ನಮ್ಮೂರ ಪಕ್ಕದ ಶಕ್ತಿನಗರದಲ್ಲಿ ಶಾಖೋತ್ಪನ್ನ ವಿದ್ಯುತ್ ಕೇಂದ್ರದ ಮೊದಲ ಘಟಕ ಆರಂಭವಾದಂದಿನಿಂದ ನಮ್ಮ ಸೀಮೆಯ ಬದುಕು ಬದಲಾಗಿದೆ. ಸಂಬಳದ ಕೆಲಸಗಳು ಬಂದವು. ಮಕ್ಕಳು ಓದಿ ಹೈದರಾಬಾದು, ಬೆಂಗಳೂರು, ಕಡಲಾಚೆಯವರೆಗೂ ಹೋದರು. ಇದರಲ್ಲಿ ದೋಷವೇನೂ ಇಲ್ಲ. ಕಾಯಕಕ್ಕಾಗಿ ಊರು ಬಿಡುವುದು ತಪ್ಪಲ್ಲ. ಹಿರಿಯರನ್ನು ಮಕ್ಕಳೊಡನೆ ಕರೆದೊಯ್ಯುವುದೂ ತಪ್ಪಲ್ಲ. ಹಲವರಿಗೆ ಅದೇ ಸುಖ. ನಾವು ಕಂಡ ಪರಿಹಾರವೇ ಎಲ್ಲ ಮನೆಗೂ ಹೊಂದುತ್ತದೆಂದು ಹೇಳಲಾರೆವು. ದೂರದ ಊರಿನಲ್ಲಿ ಉದ್ಯೋಗದಲ್ಲಿರುವವರಿಗೆ ವಾರದ ಪಾಳಿ ಅಸಾಧ್ಯವೆಂಬುದನ್ನೂ ಬಲ್ಲೆವು. ಹಿರಿಯರ ವಿಚಾರವಾಗಿ ನಿರ್ಣಯ ಮಾಡುವಾಗ ಆ ಹಿರಿಯರನ್ನು ಒಂದು ಮಾತು ಕೇಳಬೇಕು ಎಂಬಷ್ಟೇ ನಮ್ಮ ನಿವೇದನೆ. ಅವರು ಸುಮ್ಮನಿದ್ದರೆ ಒಪ್ಪಿದರೆಂದು ತಿಳಿಯಬಾರದು. ಇನ್ನೊಮ್ಮೆ ಕೇಳಬೇಕು. ಅವರ ಗಂಟು ಬಿಚ್ಚಿದೆಯೋ ಇಲ್ಲವೋ ನೋಡಬೇಕು.

ವೀರಣ್ಣನವರ ಮೂಕಿ ಚಿತ್ರಗಳು ಇನ್ನು ನಮ್ಮ ಕಣ್ಣಿಗೆ ಬೀಳಲಾರವೇನೋ. ಹಂಗೇರಿಯವರಿಗೆ ಯಾವುದೋ ನೆಲಮಾಳಿಗೆಯಲ್ಲಿ ಕಳೆದದ್ದು ಸಿಕ್ಕ ಹಾಗೆ ನಮಗೂ ಒಂದು ದಿನ ಎಲ್ಲಿಯಾದರೂ ಸಿಕ್ಕೀತೆಂದು ಹಾರೈಸೋಣ. ತಮ್ಮ ಮನೆಯ ಅಟ್ಟದಲ್ಲಿ ನಾಟಕ ಕಂಪನಿಯ ಕರಪತ್ರವೋ, ಹಳೆಯ ಚಿತ್ರದ ಹಾಡಿನ ಪುಸ್ತಕವೋ, ತುಕ್ಕು ಹಿಡಿದ ಫಿಲ್ಮಿನ ಡಬ್ಬಿಯೋ ಇದ್ದರೆ ರದ್ದಿಗೆ ಹಾಕದೆ ಬಲ್ಲವರಿಗೆ ತೋರಿಸಿರಿ. ಅಟ್ಟದಲ್ಲಿರುವುದಕ್ಕೆ ಕಾಯುವ ಶಕ್ತಿಯಾದರೂ ಇದೆ. ಪಡಸಾಲೆಯಲ್ಲಿ ಕುಳಿತವರಿಗೆ ಅದು ಕಡಿಮೆ. ಈ ಪತ್ರಿಕೆಯನ್ನು ಕೆಳಗಿಟ್ಟ ಮೇಲೆ ಮೊದಲು ಅವರ ಬಳಿ ಹೋಗಿ ಕುಳ್ಳಿರಿ.